ಸೊಸೈಟಿ ನೌಕರನ ಕೋರ್ಟು ಕಚೇರಿ

ಕೆಲಸ ಕಳೆದುಕೊಂಡ ಸೊಸೈಟಿ ನೌಕರನೊಬ್ಬ ವಕೀಲರ ಮುಂದೆ ಬಂದು ಕೂತರೆ, ಅವರು ಮೊದಲು ಕೇಳಬೇಕಾದ್ದು ‘ಏನು ತಪ್ಪು ಮಾಡಿದೆ?’ ಎಂದಲ್ಲ, ‘ಯಾವ ತಾರೀಖಿಗೆ ತೆಗೆದರು?’ ಎಂದು. ಕರ್ನಾಟಕದಲ್ಲಿ ಎರಡು ತಾರೀಖುಗಳು ಇಂಥವರ ಮೊಕದ್ದಮೆಗಳನ್ನು ಮೂರು ಪಾಲು ಮಾಡಿವೆ: 1976ರ ಜನವರಿ 20 ಮತ್ತು 2000ದ ಜೂನ್ 20. ಮೊದಲನೆಯ ತಾರೀಖಿಗಿಂತ ಹಿಂದಿನ ಕೈಗಾರಿಕಾ ವಿವಾದವಾದರೆ ಕಾರ್ಮಿಕ ನ್ಯಾಯಾಲಯ. ಎರಡರ ನಡುವಿನದಾದರೆ ಕಾರ್ಮಿಕ ನ್ಯಾಯಾಲಯಕ್ಕೂ ಹೋಗಬಹುದು, ಸಹಕಾರ ಸಂಘಗಳ ನಿಬಂಧಕರ (ರಿಜಿಸ್ಟ್ರಾರರ) ಬಳಿಗೂ ಹೋಗಬಹುದು. ಆಮೇಲಿನದಾದರೆ ನಿಬಂಧಕರ ಕಚೇರಿಯೊಂದೇ ಗತಿ. ಸುಪ್ರೀಂ ಕೋರ್ಟು ಈ ಲೆಕ್ಕವನ್ನು ಬಿಡಿಸಿ ಹೇಳಿದ್ದು 2007ರ ಏಪ್ರಿಲ್‌ನಲ್ಲಿ, ಬಿಜಾಪುರದ ಹಾಲು ಉತ್ಪಾದಕರ ಸಂಘಗಳ ಒಕ್ಕೂಟದ ವಿರುದ್ಧ ನೌಕರರೊಬ್ಬರು ಹೂಡಿದ್ದ ಮೊಕದ್ದಮೆಯಲ್ಲಿ. ಅಷ್ಟು ಹೊತ್ತಿಗೆ ದೇಶದಲ್ಲಿ ಸಹಕಾರ ಕಾನೂನು ಹುಟ್ಟಿ ನೂರಾ ಮೂರು ವರ್ಷವಾಗಿತ್ತು.

ಸರ್ಕಾರಿ ನೌಕರನಿಗೆ ಸಂವಿಧಾನದ 311ನೇ ವಿಧಿಯ ರಕ್ಷಣೆ ಇದೆ. ಕರ್ನಾಟಕದಲ್ಲಿ 1986ರಿಂದ ಅವನ ದೂರು ಕೇಳಲು ಪ್ರತ್ಯೇಕ ಆಡಳಿತ ನ್ಯಾಯಮಂಡಳಿಯೂ ಇದೆ. ಗಿರಣಿ ಕಾರ್ಮಿಕನಿಗೆ 1947ರ ಕೈಗಾರಿಕಾ ವಿವಾದಗಳ ಕಾಯ್ದೆ ಇತ್ತು. ಆದರೆ ವ್ಯವಸಾಯ ಸೇವಾ ಸಹಕಾರ ಸಂಘದ ಗುಮಾಸ್ತ, ಡಿಸಿಸಿ ಬ್ಯಾಂಕಿನ ಕ್ಯಾಷಿಯರ್, ಡೇರಿಯಲ್ಲಿ ಹಾಲಿನ ಕೊಬ್ಬು ನೋಡುವ ಪರೀಕ್ಷಕ, ನ್ಯಾಯಬೆಲೆ ಅಂಗಡಿಯಲ್ಲಿ ತಕ್ಕಡಿ ಹಿಡಿಯುವವನು, ಇವರೆಲ್ಲ ಯಾರು? ಸರ್ಕಾರದವರಲ್ಲ, ಏಕೆಂದರೆ ಸಂಬಳ ಸಂಘದ್ದು. ಖಾಸಗಿಯವರೆಂದರೂ ಪೂರ್ತಿ ನಿಜವಲ್ಲ, ಏಕೆಂದರೆ ಸಂಘದ ಬೈಲಾದಿಂದ ಲೆಕ್ಕಪರಿಶೋಧನೆಯವರೆಗೆ ಎಲ್ಲ ಕಡೆಯೂ ಸಹಕಾರ ಇಲಾಖೆಯ ಕಣ್ಣು. ಈ ಎಡಬಿಡಂಗಿತನದ ಮೂಲ ಹುಡುಕಲು ಕಾನೂನಿನ ಹುಟ್ಟಿಗೇ ಹೋಗಬೇಕು.

1904ರಲ್ಲಿ ಬ್ರಿಟಿಷ್ ಸರ್ಕಾರ ಸಹಕಾರಿ ಪತ್ತಿನ ಸಂಘಗಳ ಕಾಯ್ದೆ ತಂದಾಗ ಅದರ ಕಣ್ಣ ಮುಂದೆ ಇದ್ದದ್ದು ಸಾಲದಲ್ಲಿ ಮುಳುಗಿದ ರೈತ ಮತ್ತು ಅವನನ್ನು ಹಿಂಡುವ ಸಾಹುಕಾರ. ಮರುವರ್ಷ ಗದಗ ಸೀಮೆಯ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರ ಮುಂದಾಳತ್ವದಲ್ಲಿ ಕಟ್ಟಿದ ಸಂಘ ದೇಶದ ಮೊದಲ ಕೃಷಿ ಪತ್ತಿನ ಸಂಘವೆಂದು ಹೆಸರಾಯಿತು. ಮೈಸೂರು ಸಂಸ್ಥಾನವೂ ಅದೇ 1905ರಲ್ಲಿ ತನ್ನದೇ ಕಾನೂನು ಮಾಡಿಕೊಂಡಿತು. ಊರಿನ ಹಿರಿಯರು ಸೇರಿ, ಒಬ್ಬರಿಗೊಬ್ಬರು ಜಾಮೀನು ನಿಂತು, ಲೆಕ್ಕ ಬರೆದುಕೊಂಡು ನಡೆಸಬೇಕಾದ ಸಂಸ್ಥೆ ಎಂಬುದು ಆಗಿನ ಕಲ್ಪನೆ. ಸಂಬಳದ ನೌಕರ, ಅವನ ಬಡ್ತಿ, ಅವನ ಅಮಾನತು, ಇವು ಆ ಕಲ್ಪನೆಯೊಳಗೆ ಬರಲೇ ಇಲ್ಲ.

1912ರ ಸಹಕಾರ ಸಂಘಗಳ ಕಾಯ್ದೆಯನ್ನು ಓದಿದರೆ ಇದು ಎದ್ದು ಕಾಣುತ್ತದೆ. ಸಂಘದ ವ್ಯವಹಾರಕ್ಕೆ ಸಂಬಂಧಪಟ್ಟ ತಂಟೆಗಳು ಕೋರ್ಟಿಗೆ ಹೋಗದೆ ರಿಜಿಸ್ಟ್ರಾರರ ಬಳಿ ತೀರ್ಮಾನವಾಗುವಂತೆ ನಿಯಮ ಮಾಡಲು ಅದು ಪ್ರಾಂತ ಸರ್ಕಾರಗಳಿಗೆ ಅಧಿಕಾರ ಕೊಟ್ಟಿತು. ಆದರೆ ಯಾರ ಯಾರ ನಡುವಿನ ತಂಟೆ? ಸದಸ್ಯರ ನಡುವಿನದು, ಮಾಜಿ ಸದಸ್ಯರದು, ಇಲ್ಲವೇ ಸದಸ್ಯನಿಗೂ ಆಡಳಿತ ಸಮಿತಿ ಅಥವಾ ಅಧಿಕಾರಿಗೂ ನಡುವಿನದು. ಒಂದು ಕಡೆ ಸದಸ್ಯ ಇರಲೇಬೇಕು. ಸಮಿತಿಗೂ ಅದರ ಗುಮಾಸ್ತನಿಗೂ ಜಗಳವಾದರೆ ಏನು ಮಾಡಬೇಕೆಂದು ಆ ಕಾನೂನು ಬರೆದವರು ಯೋಚಿಸಲಿಲ್ಲ. ಯೋಚಿಸುವ ಕಾರಣವೂ ಆಗ ಇರಲಿಲ್ಲ ಎನ್ನೋಣ.

ಆಗ ಉಳಿದಿದ್ದ ದಾರಿ ಸಿವಿಲ್ ಕೋರ್ಟು. ಅಲ್ಲಿ ಇನ್ನೊಂದು ತೊಡಕು. ಧಣಿ–ಆಳಿನ ಕರಾರನ್ನು ಬಲವಂತವಾಗಿ ಮುಂದುವರಿಸಲಾಗದು ಎಂಬುದು ಇಂಗ್ಲಿಷ್ ಕಾನೂನಿನಿಂದ ಬಂದ ನಂಬಿಕೆ. ನಿನ್ನನ್ನು ತಪ್ಪಾಗಿ ತೆಗೆದಿದ್ದಾರೆ, ನಿಜ. ಅದಕ್ಕೆ ಇಷ್ಟು ಪರಿಹಾರ ತಗೋ, ಆದರೆ ಕುರ್ಚಿ ಮಾತ್ರ ಕೇಳಬೇಡ ಎನ್ನುತ್ತಿತ್ತು ಕೋರ್ಟು. 1973ರಲ್ಲಿ ಶಿರಸಿ ಪುರಸಭೆಯ ಮಹಿಳಾ ನೌಕರರೊಬ್ಬರ ಮೊಕದ್ದಮೆ ಸುಪ್ರೀಂ ಕೋರ್ಟಿಗೆ ಬಂದಾಗ ನ್ಯಾಯಮೂರ್ತಿ ಎ.ಎನ್. ರೇ ಅವರು ನೌಕರಿಯನ್ನು ಮೂರು ಬಗೆಯಾಗಿ ವಿಂಗಡಿಸಿದರು: ಬರೀ ಧಣಿ–ಆಳಿನ ಸಂಬಂಧ, ಕೈಗಾರಿಕಾ ಕಾನೂನಿನ ಕೆಳಗಿನ ಸಂಬಂಧ, ಸರ್ಕಾರ ಅಥವಾ ಶಾಸನಬದ್ಧ ಸಂಸ್ಥೆಯ ನೌಕರಿ. ಮೊದಲನೆಯದರಲ್ಲಿ ಕೆಲಸ ವಾಪಸು ಸಿಗದು, ಉಳಿದೆರಡರಲ್ಲಿ ಸಿಗಬಹುದು. ಶಿರಸಿಯ ಆ ನೌಕರರಿಗೆ ಮೂರನೆಯ ಗುಂಪು ಸಿಕ್ಕಿದ್ದರಿಂದ ಅವರು ಗೆದ್ದರು. ಸಹಕಾರ ಸಂಘದವರು ಯಾವ ಗುಂಪು ಎಂಬುದು ಮಾತ್ರ ಮೊಕದ್ದಮೆಯಿಂದ ಮೊಕದ್ದಮೆಗೆ ಬದಲಾಗುತ್ತ ಹೋಯಿತು.

ಎರಡನೆಯ ಗುಂಪು ಸೇರಿದರೆ ಲಾಭ ಬಹಳ. ನ್ಯಾಯ ಅನ್ನಿಸಿದರೆ ಕೆಲಸಕ್ಕೆ ವಾಪಸು ತೆಗೆದುಕೊಳ್ಳಿ ಎನ್ನುವ ಅಧಿಕಾರ ಕೈಗಾರಿಕಾ ನ್ಯಾಯಮಂಡಳಿಗಿದೆ ಎಂದು ಫೆಡರಲ್ ಕೋರ್ಟು 1949ರಲ್ಲೇ ಒಪ್ಪಿತ್ತು. 1947ರ ಕಾಯ್ದೆಗೆ 1965ರಲ್ಲಿ ಬಂದ ಕಲಂ 2-ಎ, ಒಬ್ಬನೇ ಒಬ್ಬ ನೌಕರನ ವಜಾ ಕೂಡ ಕೈಗಾರಿಕಾ ವಿವಾದವೇ ಎಂದಿತು. ಯೂನಿಯನ್ ಬೆನ್ನಿಗಿರಬೇಕೆಂಬ ಹಂಗು ತಪ್ಪಿತು. 1971ರಲ್ಲಿ ಸೇರಿದ ಕಲಂ 11-ಎ ಇನ್ನೂ ಮುಂದೆ ಹೋಯಿತು: ತಪ್ಪು ನಿಜವೇ ಆಗಿದ್ದರೂ ಶಿಕ್ಷೆ ಅತಿಯಾಯಿತು ಅನ್ನಿಸಿದರೆ ಕಡಿಮೆ ಮಾಡುವ ಅಧಿಕಾರ ಕಾರ್ಮಿಕ ನ್ಯಾಯಾಲಯಕ್ಕೆ ಬಂತು. ಕರ್ನಾಟಕ 1988ರಲ್ಲಿ ತನ್ನದೇ ತಿದ್ದುಪಡಿಯಾಗಿ ಕಲಂ 10(4-ಎ) ಜಾರಿಗೆ ತಂದು, ಸರ್ಕಾರ ವಿವಾದವನ್ನು ಒಪ್ಪಿಸಲೆಂದು ಕಾಯದೆ ಆರು ತಿಂಗಳೊಳಗೆ ನೌಕರ ನೇರವಾಗಿ ಅರ್ಜಿ ಹಾಕಬಹುದು ಎಂದಿತು.

ಸಹಕಾರ ಸಂಘದ ನೌಕರ ಈ ಗುಂಪಿನವನೇ ಎಂಬ ಪ್ರಶ್ನೆಗೆ ಮೊದಲ ದೊಡ್ಡ ಉತ್ತರ ಬಂದದ್ದು ಆಂಧ್ರದಿಂದ. ಅಲ್ಲಿನ 25 ಸಹಕಾರಿ ಕೇಂದ್ರ ಬ್ಯಾಂಕುಗಳ ನೌಕರರ ಬೇಡಿಕೆಗಳನ್ನು ಸರ್ಕಾರ ಹೈದರಾಬಾದಿನ ಕೈಗಾರಿಕಾ ನ್ಯಾಯಮಂಡಳಿಗೆ ಒಪ್ಪಿಸಿತು. ಪಟ್ಟಿ ನೋಡಿದರೆ ಆ ಕಾಲದ ಬ್ಯಾಂಕು ಗುಮಾಸ್ತನ ಬದುಕೇ ಅದರಲ್ಲಿದೆ: ಸಂಬಳದ ಶ್ರೇಣಿ, ತುಟ್ಟಿಭತ್ಯೆ, ಜವಾನರ ಸಮವಸ್ತ್ರ ಮತ್ತು ಅದನ್ನು ಒಗೆಸುವ ಖರ್ಚು, ರಜೆ, ಓವರ್‌ಟೈಮ್, ನಿವೃತ್ತಿಯ ವಯಸ್ಸು, ಅಮಾನತಿನಲ್ಲಿದ್ದಾಗ ಕೊಡುವ ಭತ್ಯೆ, ವರ್ಗಾವಣೆ. ಬ್ಯಾಂಕುಗಳ ವಾದ ಸರಳವಾಗಿತ್ತು. ಆಂಧ್ರದ 1964ರ ಸಹಕಾರ ಕಾಯ್ದೆಯ ಕಲಂ 61ರಂತೆ ಸಂಘದ ರಚನೆ, ಆಡಳಿತ, ವ್ಯವಹಾರಕ್ಕೆ ಸಂಬಂಧಿಸಿದ ವಿವಾದಗಳು ರಿಜಿಸ್ಟ್ರಾರರ ಮುಂದೆಯೇ ಹೋಗಬೇಕು. ನ್ಯಾಯಮಂಡಳಿಗೆ ಇಲ್ಲಿ ಕೆಲಸವಿಲ್ಲ.

1969ರ ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಒಪ್ಪಲಿಲ್ಲ. ಬ್ಯಾಂಕಿನ ವ್ಯವಹಾರವೆಂದರೆ ಸಾಲ ಕೊಡುವುದು, ಠೇವಣಿ ತೆಗೆದುಕೊಳ್ಳುವುದು. ನೌಕರರ ಸೇವಾ ಷರತ್ತು ಬದಲಾಯಿಸುವುದು ಆ ವ್ಯವಹಾರವಲ್ಲ ಎಂದಿತು. ಅದರ ಹಿಂದಿನ ತರ್ಕ ಇನ್ನೂ ಚೆನ್ನಾಗಿದೆ. ರಿಜಿಸ್ಟ್ರಾರರು ತೀರ್ಮಾನ ಕೊಡುವುದಾದರೂ ಕಾಯ್ದೆ, ನಿಯಮ, ಬೈಲಾಗಳಿಗೆ ಕಟ್ಟುಬಿದ್ದೇ ಕೊಡಬೇಕು. ನೌಕರ ಕೇಳುತ್ತಿರುವುದೇ ಅವುಗಳಲ್ಲಿ ಬರೆದದ್ದಕ್ಕಿಂತ ಹೆಚ್ಚಿನದನ್ನು. ಕೊಡಲಾಗದವರ ಹತ್ತಿರ ಕೇಳಲು ಕಳಿಸಿದರೆ ಏನು ಬಂತು? ಹೊಸ ಷರತ್ತುಗಳನ್ನು ಹೇರುವ ಶಕ್ತಿ ಇರುವುದು ಕೈಗಾರಿಕಾ ನ್ಯಾಯಮಂಡಳಿಗೆ. ಬೈಲಾಗಳಿಗೆ ಶಾಸನದ ಬಲವಿಲ್ಲ, ಅವು ಕಂಪನಿಯೊಂದರ ಒಳನಿಯಮಗಳಂತೆ ಎಂದೂ ಅದೇ ತೀರ್ಪು ಹೇಳಿತು. ಆಂಧ್ರದ ಕಲಂ 61ರಲ್ಲಿ ಇನ್ನೊಂದು ವಿಚಿತ್ರವಿತ್ತು: ಸಂಬಳದ ನೌಕರನ ಮೇಲಿನ ಶಿಸ್ತುಕ್ರಮದ ವಿವಾದವನ್ನು ಅದು ತಾನಾಗಿಯೇ ಹೊರಗಿಟ್ಟಿತ್ತು. ಅಲ್ಲಿನ ಶಾಸಕರಿಗೆ ಆ ತಲೆನೋವು ನಿಬಂಧಕರಿಗೆ ಬೇಡ ಅನ್ನಿಸಿತ್ತು.

1978ರ ಫೆಬ್ರುವರಿ 21ರಂದು ಬೆಂಗಳೂರು ಜಲಮಂಡಳಿಯ ಪ್ರಸಿದ್ಧ ತೀರ್ಪು ಬಂತು. ಏಳು ನ್ಯಾಯಮೂರ್ತಿಗಳ ಪೀಠದ ಬಹುಮತದ ಪರವಾಗಿ ವಿ.ಆರ್. ಕೃಷ್ಣ ಅಯ್ಯರ್ ಅವರು ‘ಕೈಗಾರಿಕೆ’ಯ ಬೇಲಿಯನ್ನು ಎಷ್ಟು ದೂರ ಸರಿಸಿದರೆಂದರೆ ಆಸ್ಪತ್ರೆ, ಕ್ಲಬ್ಬು, ವಿದ್ಯಾಸಂಸ್ಥೆ, ಸಂಶೋಧನಾಲಯ ಎಲ್ಲ ಒಳಗೆ ಬಂದವು. ಸಹಕಾರ ಸಂಘಗಳ ಹೆಸರನ್ನೂ ತೀರ್ಪು ಬಿಡಿಸಿ ಹೇಳಿತು. ಲಾಭದ ಆಸೆಯಿಲ್ಲ, ಸದಸ್ಯರ ಒಳಿತಿಗಾಗಿ ಇದ್ದೇವೆ ಎನ್ನುವ ಮಾತು ನೌಕರನ ಹೊಟ್ಟೆಗೆ ಉತ್ತರವಾಗದು ಎಂಬುದು ಅದರ ತಾತ್ಪರ್ಯ.

ಇಷ್ಟರಲ್ಲಿ ಕರ್ನಾಟಕ ಬೇರೆ ದಾರಿ ಹಿಡಿದಿತ್ತು.

ಏಕೀಕರಣದ ಹೊತ್ತಿಗೆ ನಮ್ಮ ಸಂಘಗಳು ನಾಲ್ಕಾರು ಕಾನೂನುಗಳಡಿ ಚದುರಿದ್ದವು. ಧಾರವಾಡ, ಬೆಳಗಾವಿ ಕಡೆ ಮುಂಬಯಿಯ 1925ರ ಕಾಯ್ದೆ, ದಕ್ಷಿಣ ಕನ್ನಡದಲ್ಲಿ ಮದರಾಸಿನ 1932ರದು, ಹಳೇ ಮೈಸೂರಿನಲ್ಲಿ ಸಂಸ್ಥಾನದ್ದು, ಕಲಬುರ್ಗಿ ಕಡೆ ಹೈದರಾಬಾದಿನದು. 1959ರ ಸಹಕಾರ ಸಂಘಗಳ ಕಾಯ್ದೆ ಇವನ್ನೆಲ್ಲ ಒಂದು ಮಾಡಿ 1960ರ ಜೂನ್ 1ರಿಂದ ಜಾರಿಗೆ ಬಂತು. ಅದರ ಕಲಂ 70 ವಿವಾದಗಳದ್ದು. ಸೊಸೈಟಿಗಳಲ್ಲಿ ಓಡಾಡಿದವರ ಬಾಯಲ್ಲಿ ‘ಸೆವೆಂಟಿ ಹಾಕಿದ್ದಾರೆ’ ಎಂದರೆ ಸಾಲ ವಸೂಲಿಗೆ ದಾವೆ ಹೂಡಿದ್ದಾರೆ ಎಂದೇ ಅರ್ಥ.

1976ರಲ್ಲಿ ಈ ಕಲಮಿಗೆ ಹೊಸದೊಂದು ಖಂಡ ಸೇರಿತು. ಸಂಘಕ್ಕೂ ಅದರ ಹಾಲಿ ಅಥವಾ ಮಾಜಿ ನೌಕರರಿಗೂ, ತೀರಿಕೊಂಡ ನೌಕರನ ವಾರಸುದಾರರಿಗೂ ನಡುವಿನ ವಿವಾದ, ನೌಕರಿಯ ಷರತ್ತು ಮತ್ತು ಶಿಸ್ತುಕ್ರಮವೂ ಸೇರಿ, ನಿಬಂಧಕರ ಮುಂದೆ ಬರತಕ್ಕದ್ದು ಎಂದಾಯಿತು. ಆಂಧ್ರ ಹೊರಗಿಟ್ಟದ್ದನ್ನು ಕರ್ನಾಟಕ ಒಳಗೆ ಕರೆದುಕೊಂಡಿತು. ಹಾಗಾದರೆ ಕಾರ್ಮಿಕ ನ್ಯಾಯಾಲಯದ ಅಧಿಕಾರ ಹೋಯಿತೇ? ಸಂಘಗಳು ಹೋಯಿತು ಎಂದವು, ನೌಕರರು ಇಲ್ಲ ಎಂದರು. ಇಪ್ಪತ್ತನಾಲ್ಕು ವರ್ಷ ಈ ಜಗ್ಗಾಟ ನಡೆಯಿತು. ಒಂದು ಕಡೆ ಗೆದ್ದವನು ಮೇಲೆ ಹೋದಾಗ ‘ನಿನ್ನ ಅರ್ಜಿ ಹಾಕಿದ ಜಾಗವೇ ಸರಿಯಿಲ್ಲ’ ಎಂಬ ಆಕ್ಷೇಪ ಎದುರಿಸಬೇಕಿತ್ತು.

2000ದ ತಿದ್ದುಪಡಿ ಈ ಸಂದು ಮುಚ್ಚಿತು. ಸಿವಿಲ್, ಕಾರ್ಮಿಕ, ಕಂದಾಯ ನ್ಯಾಯಾಲಯಗಳಿಗಾಗಲಿ ಕೈಗಾರಿಕಾ ನ್ಯಾಯಮಂಡಳಿಗಾಗಲಿ ಇಂಥ ವಿವಾದದಲ್ಲಿ ಅಧಿಕಾರವಿಲ್ಲ ಎಂದು ಹೆಸರು ಹೆಸರಾಗಿ ಬರೆಯಲಾಯಿತು. ಕೈಗಾರಿಕಾ ವಿವಾದಗಳ ಕಾಯ್ದೆ ಏನೇ ಹೇಳಿದರೂ ಇದೇ ಸರಿ ಎಂದೂ ಸೇರಿಸಲಾಯಿತು. ಕೇಂದ್ರದ ಕಾಯ್ದೆಯನ್ನು ರಾಜ್ಯವೊಂದು ಹೀಗೆ ಬದಿಗೆ ಸರಿಸಬಹುದೇ? ಸಂವಿಧಾನದ ಏಳನೇ ಅನುಸೂಚಿಯಲ್ಲಿ ಸಹಕಾರ ಸಂಘಗಳು ರಾಜ್ಯಪಟ್ಟಿಯ 32ನೇ ನಮೂದು. ಕೈಗಾರಿಕಾ ವಿವಾದಗಳು ಸಮವರ್ತಿ ಪಟ್ಟಿಯ 22ನೇ ನಮೂದು. ಸಮವರ್ತಿ ವಿಷಯದಲ್ಲಿ ಕೇಂದ್ರದ ಕಾನೂನಿಗೆ ವಿರುದ್ಧವಾದ ರಾಜ್ಯದ ಕಾನೂನು ಉಳಿಯಬೇಕಾದರೆ 254ನೇ ವಿಧಿಯಂತೆ ರಾಷ್ಟ್ರಪತಿಗಳ ಒಪ್ಪಿಗೆ ಬೇಕು. ಆ ಒಪ್ಪಿಗೆ 2000ದ ಮಾರ್ಚ್ 18ರಂದು ದೊರೆಯಿತು, ತಿದ್ದುಪಡಿ ಜೂನ್ 20ರಂದು ಜಾರಿಯಾಯಿತು. ಏಳು ವರ್ಷದ ನಂತರ ಬಿಜಾಪುರ ಹಾಲು ಒಕ್ಕೂಟದ ಮೊಕದ್ದಮೆಯಲ್ಲಿ ಮೂರು ಕಾಲಘಟ್ಟಗಳ ಆ ಗೆರೆ ಎಳೆದದ್ದು ನ್ಯಾಯಮೂರ್ತಿ ಆರ್.ವಿ. ರವೀಂದ್ರನ್ ಅವರ ತೀರ್ಪು. ಅವರು ಸುಪ್ರೀಂ ಕೋರ್ಟಿಗೆ ಹೋಗುವ ಮೊದಲು ಕರ್ನಾಟಕ ಹೈಕೋರ್ಟಿನಲ್ಲಿ ವರ್ಷಗಟ್ಟಲೆ ನ್ಯಾಯಮೂರ್ತಿಯಾಗಿದ್ದವರು.

ಬೇರೆ ರಾಜ್ಯಗಳಲ್ಲಿ ಕಥೆ ಒಂದೊಂದು ಥರ. ಮಧ್ಯಪ್ರದೇಶದ ಸಹಕಾರ ಮಾರಾಟ ಮಹಾಮಂಡಳದ ಮೊಕದ್ದಮೆಯಲ್ಲಿ 1997ರಲ್ಲಿ ಸುಪ್ರೀಂ ಕೋರ್ಟು ರಿಜಿಸ್ಟ್ರಾರರ ದಾರಿಯೇ ಸರಿ ಎಂದಿತು. ಗಾಜಿಯಾಬಾದ್ ಜಿಲ್ಲಾ ಸಹಕಾರಿ ಬ್ಯಾಂಕಿನ ವಿಷಯದಲ್ಲಿ 2007ರಲ್ಲಿ ಉತ್ತರಪ್ರದೇಶದ ಸಹಕಾರ ಕಾಯ್ದೆಯೇ ಸಂಪೂರ್ಣ ಸಂಹಿತೆ ಎಂದು ಹೇಳಿತು. 2017ರಲ್ಲಿ ಮಹಾರಾಷ್ಟ್ರದ ಗೃಹನಿರ್ಮಾಣ ಹಣಕಾಸು ಸಂಸ್ಥೆಯ ಪ್ರಕರಣ ಬಂದಾಗ ಮಾತು ತಿರುಗಿತು: ಅಲ್ಲಿ ಸಹಕಾರ ನ್ಯಾಯಾಲಯಗಳೇ ಪ್ರತ್ಯೇಕವಾಗಿದ್ದರೂ ನೌಕರರ ಸೇವಾ ವಿವಾದ ಅವುಗಳ ವ್ಯಾಪ್ತಿಗೆ ಬಾರದು ಎಂದಾಯಿತು. ಮರುವರ್ಷ ಕೊಚ್ಚಿಯ ಸಹಕಾರಿ ಆಸ್ಪತ್ರೆಯ ಪ್ರಕರಣದಲ್ಲಿ ಕೇರಳದ ನೌಕರರಿಗೆ ಎರಡೂ ದಾರಿ ತೆರೆದಿವೆ, ಬೇಕಾದದ್ದನ್ನು ಆರಿಸಿಕೊಳ್ಳಲಿ ಎಂದಿತು. ಹೀಗಾಗಿ ಕಾಸರಗೋಡಿನ ಸಹಕಾರಿ ಬ್ಯಾಂಕಿನ ಗುಮಾಸ್ತನಿಗೆ ಇರುವ ಆಯ್ಕೆ ಹತ್ತಿರದಲ್ಲೇ ಗಡಿಯ ಈಚೆ ಮಂಗಳೂರಿನಲ್ಲಿ ಕೂತವನಿಗೆ ಇಲ್ಲ. ಕೆಲಸ ಒಂದೇ, ಲೆಡ್ಜರು ಒಂದೇ.

ಇನ್ನು ಹೈಕೋರ್ಟಿನ ರಿಟ್. 226ನೇ ವಿಧಿಯಡಿ ನೇರ ಅಲ್ಲಿಗೇ ಹೋಗಿ ವಜಾ ಆದೇಶ ರದ್ದು ಮಾಡಿಸುವ ಆಸೆ ಯಾವ ನೌಕರನಿಗೆ ಇರುವುದಿಲ್ಲ? ಅದಕ್ಕೆ ಸಂಘವು ಸರ್ಕಾರದ ಅಂಗ ಎಂದು ತೋರಿಸಬೇಕು, ಇಲ್ಲವೇ ಶಾಸನದ ಕರ್ತವ್ಯವೊಂದು ಮುರಿದಿದೆ ಎನ್ನಬೇಕು. 1998ರಲ್ಲಿ ಉತ್ತರಪ್ರದೇಶದ ಭೂಅಭಿವೃದ್ಧಿ ಬ್ಯಾಂಕಿನ ನೌಕರರು ಇದರಲ್ಲಿ ಗೆದ್ದರು, ಏಕೆಂದರೆ ಆ ಬ್ಯಾಂಕಿಗೆ ಪ್ರತ್ಯೇಕ ಕಾಯ್ದೆಯೇ ಇತ್ತು, ಸೇವಾ ನಿಯಮಗಳಿಗೆ ಶಾಸನದ ಬಲವಿತ್ತು. 2003ರಲ್ಲಿ ಸುಲ್ತಾನಪುರದ ಸಹಕಾರಿ ಸಕ್ಕರೆ ಕಾರ್ಖಾನೆಯ ಕಾರ್ಮಿಕರು ಸೋತರು. 2006ರಲ್ಲಿ ಹಿಮಾಚಲದ ಕಾಂಗ್ಡಾ ಕೇಂದ್ರ ಸಹಕಾರಿ ಬ್ಯಾಂಕಿನ ಶಾಖಾ ವ್ಯವಸ್ಥಾಪಕರೊಬ್ಬರೂ ಸೋತರು. ಸರ್ಕಾರಕ್ಕೆ ಸಂಘದ ಮೇಲೆ ಇರುವುದು ಕಾಯ್ದೆಯ ಮೇಲ್ವಿಚಾರಣೆ. ಅದು ಆಳವಾದ, ಎಲ್ಲವನ್ನೂ ಆವರಿಸಿದ ಹಿಡಿತವಲ್ಲ ಎಂಬುದು ಕಾರಣ. ತಾಲ್ಲೂಕು ಮಟ್ಟದಲ್ಲಿ ಸಹಾಯಕ ನಿಬಂಧಕರ ಒಂದು ಪತ್ರಕ್ಕೆ ಆಡಳಿತ ಮಂಡಳಿಗಳು ಎದ್ದು ನಿಲ್ಲುವುದನ್ನು ನೋಡಿದವರಿಗೆ ಈ ಭೇದ ಸ್ವಲ್ಪ ಪುಸ್ತಕದ್ದು ಅನ್ನಿಸಬಹುದು. ಆದರೂ ಕಾನೂನು ಅದೇ.

ನೌಕರರ ಬದಿಯಲ್ಲೇ ಎಲ್ಲ ನ್ಯಾಯವಿತ್ತು ಎಂದೂ ಹೇಳಲಾಗದು. ಸೊಸೈಟಿಗಳಲ್ಲಿ ಅಧ್ಯಕ್ಷರ ಅಳಿಯ, ನಿರ್ದೇಶಕರ ತಮ್ಮ ಎಂದು ಹಿಂಬಾಗಿಲಿನಿಂದ ಬಂದವರ ಕಥೆ ಯಾವ ಊರಿಗೆ ಹೊಸತು? ತಮಿಳುನಾಡಿನ ಸಹಕಾರ ಸಂಘಗಳಲ್ಲಿ ಮಂಜೂರಾದ ಹುದ್ದೆ, ಉದ್ಯೋಗ ವಿನಿಮಯ ಕಚೇರಿ ಯಾವುದನ್ನೂ ಲೆಕ್ಕಿಸದೆ ಸಾವಿರಗಟ್ಟಲೆ ನೇಮಕವಾಗಿತ್ತು. ಅವರನ್ನು ಖಾಯಂ ಮಾಡಲು 2001ರಲ್ಲಿ ಅಲ್ಲಿನ ಸರ್ಕಾರ ಆದೇಶ ಹೊರಡಿಸಿತು. 2004ರಲ್ಲಿ ಸುಪ್ರೀಂ ಕೋರ್ಟು ಅದಕ್ಕೆ ತಡೆಹಾಕಿತು: ಕಾನೂನು ಮುರಿದು ಮಾಡಿದ ನೇಮಕವನ್ನು ಸರ್ಕಾರಿ ಆದೇಶ ಸಕ್ರಮ ಮಾಡಲಾರದು. ಎರಡು ವರ್ಷದ ನಂತರ, ಕರ್ನಾಟಕದ ದಿನಗೂಲಿ ನೌಕರರ ಪ್ರಕರಣದಲ್ಲಿ ಸಂವಿಧಾನ ಪೀಠ ಇದೇ ಮಾತನ್ನು ಸರ್ಕಾರಿ ಕಚೇರಿಗಳಿಗೆಲ್ಲ ಅನ್ವಯಿಸಿ ಹೇಳಿತು. ಠರಾವು ಪುಸ್ತಕದಲ್ಲಿ ಒಂದು ಸಾಲು ಬರೆದು ಕೆಲಸ ಕೊಟ್ಟವರು ಇನ್ನೊಂದು ಸಾಲು ಬರೆದು ತೆಗೆದಾಗ, ಕೋರ್ಟು ಮೊದಲ ಸಾಲನ್ನೂ ಓದತೊಡಗಿತು.

ಈಗಿನ ಸ್ಥಿತಿಯಲ್ಲಿ ಕರ್ನಾಟಕದ ನೌಕರ ಕಲಂ 70ರಡಿ ವಿವಾದ ಹೂಡುತ್ತಾನೆ. ನಿಬಂಧಕರು ಕಲಂ 71ರಂತೆ ತಾವೇ ತೀರ್ಮಾನಿಸಬಹುದು ಅಥವಾ ಅಧಿಕಾರ ಪಡೆದ ಬೇರೊಬ್ಬರಿಗೆ ಒಪ್ಪಿಸಬಹುದು. ಸೋತವರು ಕಲಂ 105ರಡಿ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿಗೆ, ಆಮೇಲೆ ಹೈಕೋರ್ಟಿಗೆ. ಹಣ ದುರುಪಯೋಗದ ಆರೋಪವಿದ್ದರೆ ಕಲಂ 64ರ ವಿಚಾರಣೆ, ಕಲಂ 69ರ ಅಧಿಭಾರ ಬೇರೆ. ಒಂದೇ ಆರೋಪ, ಮೂರು ಫೈಲು. ಫೈಲುಗಳು ಬೇರೆಬೇರೆಯಾದರೂ ಇಲಾಖೆ ಒಂದೇ.

ತೊಂದರೆ ಇರುವುದು ಇಲ್ಲೇ. ಸಂಘವನ್ನು ನೋಂದಾಯಿಸುವವರು, ಬೈಲಾ ತಿದ್ದುಪಡಿಗೆ ಒಪ್ಪಿಗೆ ಕೊಡುವವರು, ತಪ್ಪಿದರೆ ಆಡಳಿತ ಮಂಡಳಿಯನ್ನು ಸೂಪರ್‌ಸೀಡ್ ಮಾಡುವವರು, ಮತ್ತು ಆ ಮಂಡಳಿ ತೆಗೆದುಹಾಕಿದ ನೌಕರನ ಅಹವಾಲು ಕೇಳುವವರು ಒಂದೇ ಇಲಾಖೆಯ ಅಧಿಕಾರಿಗಳು. ಶಿಕ್ಷೆಯ ಪ್ರಮಾಣ ಅಳೆಯುವ ಕಲಂ 11-ಎ, ಗೆದ್ದ ನೌಕರನ ವಿರುದ್ಧ ಹೈಕೋರ್ಟಿನಲ್ಲಿ ಮೊಕದ್ದಮೆ ನಡೆಯುವಷ್ಟು ಕಾಲ ಸಂಬಳ ಕೊಡಿಸುತ್ತಿದ್ದ ಕಲಂ 17-ಬಿ, ಇವುಗಳ ಜೋಡಿ ಕಲಂ 70ರಲ್ಲಿ ಬರೆದಿಲ್ಲ. 2000ದಲ್ಲಿ ಕಾರ್ಮಿಕ ನ್ಯಾಯಾಲಯದಿಂದ ವಿವಾದವನ್ನು ಎತ್ತಿ ತಂದವರು ಅದರ ಜೊತೆಗಿದ್ದ ಅಧಿಕಾರಗಳನ್ನು ಅಲ್ಲಿಯೇ ಬಿಟ್ಟು ಬಂದರು.

2025ರ ನವೆಂಬರ್ 21ರಂದು ಕೈಗಾರಿಕಾ ಸಂಬಂಧಗಳ ಸಂಹಿತೆ ಜಾರಿಗೆ ಬಂದು 1947ರ ಕಾಯ್ದೆಯ ಜಾಗ ಹಿಡಿದಿದೆ. ಕಾರ್ಮಿಕ ನ್ಯಾಯಾಲಯ ಎಂಬ ಹೆಸರೇ ಅದರಲ್ಲಿಲ್ಲ, ನ್ಯಾಯಮಂಡಳಿಗಳಷ್ಟೇ. ಕಲಂ 70 ಇನ್ನೂ 1947ರ ಕಾಯ್ದೆಯ ಹೆಸರು ಹಿಡಿದೇ ಮಾತಾಡುತ್ತಿದೆ. ಅದನ್ನು ಹೇಗಿದ್ದರೂ ತಿದ್ದಬೇಕಾದೀತು. ತಿದ್ದುವಾಗ ಶಾಸಕರು ಎರಡು ಸಾಲು ಹೆಚ್ಚು ಬರೆಯಲಿ: ನೌಕರರ ವಿವಾದವನ್ನು ಇಲಾಖೆಯ ಹೊರಗಿನ, ನ್ಯಾಯಾಂಗದ ಅನುಭವವುಳ್ಳವರೇ ಕೇಳಬೇಕು; ಅತಿಯಾದ ಶಿಕ್ಷೆಯನ್ನು ಇಳಿಸುವ ಅಧಿಕಾರ ಅವರಿಗೆ ಇರಬೇಕು.